ಸೀಟಿ ಮಾಸ್ತರರ ಲೆಕ್ಕ

ನಮ್ಮ ಕಡೆ ಜೂನ್ ಒಂದನೆಯ ತಾರೀಖಿಗೆ ಹುಟ್ಟಿದವರು ಎಷ್ಟು ಜನ ಇದ್ದಾರೆಂದು ನೀವು ಎಂದಾದರೂ ಗಮನಿಸಿದ್ದೀರಾ? ಯಾವುದೇ ಹೈಸ್ಕೂಲಿನ ಹಳೆಯ ದಾಖಲಾತಿ ಪುಸ್ತಕ ತೆಗೆದು ನೋಡಿ. ಇಂಡಿಯವರೂ ಜೂನ್ ಒಂದು, ಸಿಂದಗಿಯವರೂ ಜೂನ್ ಒಂದು, ಮುದ್ದೇಬಿಹಾಳದವರೂ ಬಸವನ ಬಾಗೇವಾಡಿಯವರೂ ಜೂನ್ ಒಂದು. ಹೊರಗಿನವರು ನೋಡಿದರೆ ಈ ಜಿಲ್ಲೆಯ ತಾಯಂದಿರೆಲ್ಲ ಮೊದಲೇ ಮಾತಾಡಿಕೊಂಡು ಒಂದೇ ದಿವಸ ಹಡೆದಿದ್ದಾರೆ ಅಂದುಕೊಂಡಾರು. ಮೇ ತಿಂಗಳ ಕೊನೆಯ ದಿನ ಸರಕಾರಿ ಕಚೇರಿಗಳಲ್ಲಿ ಸಾಲು ಸಾಲಾಗಿ ಬೀಳ್ಕೊಡುವ ಸಮಾರಂಭ ನಡೆಯುವುದು, ಹೂವಿನ ಹಾರದ ಬೆಲೆ ಏರುವುದು, ಎಲ್ಲ ಇದೇ ಕಾರಣಕ್ಕೆ.

ಕಾರಣ ದೊಡ್ಡದೇನಲ್ಲ. ಶಾಲೆ ತೆರೆಯುವುದು ಜೂನ್‌ನಲ್ಲಿ. ಅಪ್ಪ ಕೂಸಿನ ಕೈಹಿಡಿದು ಕರೆತರುತ್ತಿದ್ದ. ಹುಟ್ಟಿದ್ದು ಯಾವಾಗ ಅಂದರೆ 'ಸುಗ್ಗಿ ಮುಗದಿತ್ರಿ' ಎಂದೋ 'ಕಾರಹುಣ್ಣಿವಿ ಮುಂದ ಎರಡ ದಿನ ಇತ್ರಿ' ಎಂದೋ ಹೇಳುತ್ತಿದ್ದ. ವರ್ಷ ಯಾವುದು ಅಂದರೆ ಮುಖ ನೋಡುತ್ತಿದ್ದ. ಮಾಸ್ತರರು ಕೂಸಿಗೆ ಬಲಗೈಯನ್ನು ತಲೆಯ ಮೇಲಿಂದ ಹಾಯಿಸಿ ಎಡಗಿವಿ ಮುಟ್ಟಲು ಹೇಳುತ್ತಿದ್ದರು. ಮುಟ್ಟಿದರೆ ವಯಸ್ಸು ಆಯಿತೆಂದು ಲೆಕ್ಕ. ಹಿಂದಕ್ಕೆ ಎಣಿಸಿ ಜೂನ್ ಒಂದು ಬರೆಯುತ್ತಿದ್ದರು. ಜನನ ಮರಣ ನೋಂದಣಿಯ ಕಾಯ್ದೆ 1969ರಲ್ಲೇ ಬಂದಿತ್ತು. ಆದರೆ ಆ ಕಾಯ್ದೆ ಹಳ್ಳಿಯ ಬಾಣಂತಿಯ ಕೋಣೆಯವರೆಗೆ ನಡೆದು ಬರಲು ಬಹಳ ವರ್ಷ ಹಿಡಿಯಿತು. ನನ್ನದೂ ಜೂನ್ ಒಂದೇ. ನಿಜವಾಗಿ ನಾನು ಹುಟ್ಟಿದ್ದು ಕಾರ್ತಿಕದಲ್ಲಿ, ಅದೂ ನಮ್ಮ ಅಜ್ಜಿ ಹೇಳಿದ್ದು.

ಈ ಸಣ್ಣ ಸುಳ್ಳಿನಿಂದ ಯಾರಿಗೂ ನಷ್ಟವಿಲ್ಲ ಎಂದೇ ನಾನು ತಿಳಿದಿದ್ದೆ. ಆದರೆ 1988ರಲ್ಲಿ ಒಬ್ಬ ಹುಡುಗಿಗೆ ನಷ್ಟವಾಯಿತು. ಅದಕ್ಕೆ ಸುಳ್ಳು ಎಷ್ಟು ಕಾರಣವೋ ಖರೆ ಮಾತೂ ಅಷ್ಟೇ ಕಾರಣ. ಆ ಖರೆ ಮಾತನ್ನು ಹೇಳಿದವಳು ನಾನು.

ನಮ್ಮ ಮನೆಯವರು ದೈಹಿಕ ಶಿಕ್ಷಣ ಶಿಕ್ಷಕರು. ಇದು ಸರಕಾರ ಇಟ್ಟ ಹೆಸರು. ಊರವರ ಬಾಯಲ್ಲಿ ಪಿ.ಟಿ. ಮಾಸ್ತರು. ಹುಡುಗರ ಬಾಯಲ್ಲಿ, ಅವರಿಗೆ ಕೇಳಿಸದ ಹಾಗೆ, ಸೀಟಿ ಮಾಸ್ತರು. 1974ರಲ್ಲಿ ಇಂಡಿ ತಾಲೂಕಿನ ಒಂದು ಹಳ್ಳಿಯ ಹೈಸ್ಕೂಲಿಗೆ ಸೇರಿದರು. ಅಲ್ಲಿಂದ ಸಿಂದಗಿ, ಅಲ್ಲಿಂದ ಮುದ್ದೇಬಿಹಾಳ, ಕೊನೆಗೆ ಬಸವನ ಬಾಗೇವಾಡಿ. 2011ರಲ್ಲಿ ನಿವೃತ್ತಿ. 37 ವರ್ಷದ ನೌಕರಿ ನಾಲ್ಕು ತಾಲೂಕುಗಳಲ್ಲಿ ಮುಗಿಯಿತು. ಈ ಪಿ.ಟಿ. ಮಾಸ್ತರಿಕೆ ನಮ್ಮ ದೇಶಕ್ಕೆ ಹೇಗೆ ಬಂತೆಂದು ಬಹಳ ಜನಕ್ಕೆ ತಿಳಿದಿರಲಿಕ್ಕಿಲ್ಲ. ದೈಹಿಕ ಶಿಕ್ಷಣಕ್ಕೆಂದೇ ಮಾಸ್ತರರನ್ನು ತಯಾರು ಮಾಡುವ ಕಾಲೇಜನ್ನು 1920ರಲ್ಲಿ ಮದರಾಸಿನಲ್ಲಿ ತೆರೆದವರು ಹ್ಯಾರಿ ಕ್ರೋ ಬಕ್ ಎಂಬ ಅಮೆರಿಕದವರು. 1924ರಲ್ಲಿ ಪ್ಯಾರಿಸ್ ಒಲಿಂಪಿಕ್ಸಿಗೆ ಭಾರತದ ತಂಡದ ಸಂಗಡ ಹೋದವರೂ ಅವರೇ. ಅಂದರೆ ನಮ್ಮ ಮನೆಯವರ ಕೊರಳಲ್ಲಿ ತೂಗಾಡುತ್ತಿದ್ದ ಸೀಟಿಗೂ ಅಮೆರಿಕಕ್ಕೂ ದೂರದ ನೆಂಟಸ್ತಿಕೆ ಇತ್ತು. ಅಮೆರಿಕದ ಮಾತು ಮುಂದೆ ಮತ್ತೆ ಬರುತ್ತದೆ.

ಪಿ.ಟಿ. ಮಾಸ್ತರರ ಹೆಂಡತಿಯಾದವಳಿಗೆ ಊರೆಲ್ಲ ಕೇಳುವ ಪ್ರಶ್ನೆ ಒಂದೇ: 'ನಿಮ್ಮವರಿಗೇನ್ರೀ, ಆಟ ಆಡಸೂದು, ಪಗಾರ ತಗೊಳ್ಳೂದು.' ಬೆಳಿಗ್ಗೆ ಐದಕ್ಕೆ ಏಳುವವರು ಅವರು. ನಮ್ಮ ಭಾಗದ ಎರೆ ಮಣ್ಣಿನಲ್ಲಿ ಮೈದಾನ ಮಾಡುವುದೆಂದರೆ ಏನೆಂದು ಮಾಡಿದವರಿಗೇ ಗೊತ್ತು. ಬೇಸಿಗೆಯಲ್ಲಿ ಪಾದ ಇಳಿಯುವಷ್ಟು ಬಿರುಕು, ಮಳೆ ಬಿದ್ದರೆ ಚಪ್ಪಲಿ ಸಮೇತ ಹಿಡಿದುಕೊಳ್ಳುವ ಕೆಸರು. ಎಲ್ಲಿಂದಲೋ ಗರಸು ತರಿಸಿ, ಹುಡುಗರಿಂದ ಹರವಿಸಿ, ನೀರು ಹೊಡೆದು, ಮೇಲೆ ಸುಣ್ಣದ ಗೆರೆ ಎಳೆಯುವುದು. ಸುಣ್ಣಕ್ಕೆ ಶಾಲೆಯಲ್ಲಿ ದುಡ್ಡಿಲ್ಲದಿದ್ದರೆ ನನ್ನ ಸಾಸಿವೆ ಡಬ್ಬಿಯಲ್ಲಿದ್ದದ್ದು ಹೋಗುತ್ತಿತ್ತು. ಗಣಿತದ ಮಾಸ್ತರರ ಪಾಠ ಹಿಂದೆ ಬಿದ್ದರೆ ಪಿ.ಟಿ. ಪಿರಿಯಡ್ಡು ಅವರಿಗೆ, ಯಾರಾದರೂ ರಜೆ ಹೋದರೆ ಆ ವರ್ಗ ಇವರಿಗೆ. ಜನಗಣತಿ, ಚುನಾವಣೆ, ಆಗಸ್ಟ್ ಹದಿನೈದರ ಲೇಜಿಮ್, ತಡವಾಗಿ ಬಂದವರಿಗೆ ಶಿಕ್ಷೆ, ಎಲ್ಲದಕ್ಕೂ ಸೀಟಿ ಮಾಸ್ತರು. ಉಳಿದ ಹೊತ್ತಿನಲ್ಲಿ ಖೋ-ಖೋ.

ನಾನೂ ಅರ್ಧ ನೌಕರಿ ಮಾಡಿದ್ದೇನೆ, ಪಗಾರ ಮಾತ್ರ ಇಲ್ಲ. ಹೆಣ್ಣುಮಕ್ಕಳ ತಂಡ ಹೊರಗೆ ಹೋದರೆ ಸಂಗಡ ಒಬ್ಬ ಹೆಂಗಸು ಇರಬೇಕು. ಆ ಹಳ್ಳಿಯ ಶಾಲೆಗಳಲ್ಲಿ ಶಿಕ್ಷಕಿಯರೇ ಇರಲಿಲ್ಲ. ಹಾಗಾಗಿ ನಾನು ರೊಟ್ಟಿ ಬುತ್ತಿ ಕಟ್ಟಿಕೊಂಡು, ಹನ್ನೆರಡು ಹುಡುಗಿಯರನ್ನು ಎಣಿಸಿಕೊಂಡು, ಕೆಂಪು ಬಸ್ಸು ಹತ್ತುತ್ತಿದ್ದೆ. ಇಂಡಿಯಲ್ಲಿದ್ದಾಗ ಹುಡುಗಿಯರಿಗೆ ಆಟದ ನಡುವೆ ಲಿಂಬೆಹಣ್ಣಿನ ಹೋಳಿಗೆ ಉಪ್ಪು ಸವರಿ ಕೊಡುತ್ತಿದ್ದೆ. ಅಲ್ಲಿ ಲಿಂಬೆಗೆ ಬರವಿಲ್ಲ. ಆಮೇಲೆ ಸಿಂದಗಿಗೆ ಹೋದರೂ ಮುದ್ದೇಬಿಹಾಳಕ್ಕೆ ಹೋದರೂ ಆ ರೂಢಿ ಹೋಗಲಿಲ್ಲ, ಹಣ್ಣನ್ನು ಕೊಂಡು ತರಬೇಕಾಯಿತು ಅಷ್ಟೇ. ಎಪ್ಪತ್ತರ ದಶಕದಲ್ಲಿ ಹುಡುಗಿಯರು ಲಂಗವನ್ನೇ ಕಚ್ಚೆಯ ಹಾಗೆ ಎತ್ತಿಕಟ್ಟಿ ಓಡುತ್ತಿದ್ದರು. ಚಡ್ಡಿ ಎಂದರೆ ಅಪ್ಪಂದಿರು ತಂಡದಿಂದಲೇ ಹೆಸರು ತೆಗೆಸುತ್ತಿದ್ದರು.

ಇಷ್ಟೆಲ್ಲ ಮಾಡಿ ಏನಾಯಿತು ಎಂದು ಜನ ಕೇಳುತ್ತಾರೆ. ಅವರು ಕಲಿಸಿದವರಲ್ಲಿ ದೇಶಕ್ಕೆ ಆಡಿದವರು ಯಾರೂ ಇಲ್ಲ. ಕಲಿಸಿದವರ ಹೆಸರು ಕಲಿತವರ ಬೆನ್ನು ಹತ್ತಿ ಬರುತ್ತದೆ. 1984ರಲ್ಲಿ ಲಾಸ್ ಏಂಜಲಿಸ್‌ನಲ್ಲಿ ಪಿ.ಟಿ. ಉಷಾ ಸೆಕೆಂಡಿನ ನೂರರಲ್ಲಿ ಒಂದು ಪಾಲಿನಿಂದ ಪದಕ ಕಳೆದುಕೊಂಡರು. ಮರುವರ್ಷ ದ್ರೋಣಾಚಾರ್ಯ ಪ್ರಶಸ್ತಿ ಆರಂಭವಾದಾಗ ಮೊದಲ ಸಾಲಿನಲ್ಲೇ ಅವರ ಗುರು ಓ.ಎಂ. ನಂಬಿಯಾರ್ ಇದ್ದರು. ಉಷಾ ಇರದಿದ್ದರೆ ನಂಬಿಯಾರರ ಹೆಸರು ನಮ್ಮ ಮನೆಯವರೆಗೆ ಬರುತ್ತಿತ್ತೇ? ಅಂದಹಾಗೆ, ಶಿಷ್ಯನ ಹೆಬ್ಬೆರಳು ಕೇಳಿದವನ ಹೆಸರನ್ನೇ ಗುರುಗಳ ಪ್ರಶಸ್ತಿಗೆ ಇಡಬೇಕೆಂದು ಯಾರಿಗೆ ಹೊಳೆಯಿತೋ ಕಾಣೆ. ಆ ಸಮಿತಿಯಲ್ಲಿ ಹೆಂಗಸರು ಇದ್ದಿರಲಿಕ್ಕಿಲ್ಲ.

ಈಗ ಆ ಹುಡುಗಿಯ ಮಾತು. ಹೆಸರು ಬೇಡ.

ನಾವು ಮುದ್ದೇಬಿಹಾಳ ತಾಲೂಕಿಗೆ ಬಂದದ್ದು 1986ರಲ್ಲಿ. ಆಗ ಅವಳು ಎಂಟನೆಯ ವರ್ಗ. ತಂದೆ ಇಲ್ಲ, ತಾಯಿ ಕೂಲಿ, ಮನೆಯಲ್ಲಿ ಅಜ್ಜನ ಮಾತೇ ಮಾತು. ಖೋ-ಖೋ ನೋಡಿದವರಿಗೆ ಗೊತ್ತಿರುತ್ತದೆ: ಒಂದು ತಂಡದ ಎಂಟು ಜನ ಸಾಲಾಗಿ ಒಬ್ಬರು ಆಚೆ ಮುಖ, ಒಬ್ಬರು ಈಚೆ ಮುಖ ಮಾಡಿ ಕುಳಿತಿರುತ್ತಾರೆ, ಒಂಬತ್ತನೆಯವಳು ಬೆನ್ನಟ್ಟುತ್ತಾಳೆ. ಬೆನ್ನಟ್ಟುವವಳು ನಡುಗೆರೆ ದಾಟುವ ಹಾಗಿಲ್ಲ, ಹಿಂತಿರುಗುವ ಹಾಗಿಲ್ಲ. ತನಗೆ ಸಿಗದಿದ್ದರೆ ಕುಳಿತವಳ ಬೆನ್ನು ಮುಟ್ಟಿ 'ಖೋ' ಎಂದು ಅವಳ ಜಾಗದಲ್ಲಿ ತಾನು ಕೂಡಬೇಕು. ಎದುರು ತಂಡದ ಮೂವರು ಮಾತ್ರ ಬೇಕಾದ ಹಾಗೆ ಓಡಬಹುದು. ಆ ಮೂವರಲ್ಲಿ ಈ ಹುಡುಗಿ ಇದ್ದರೆ ಬೆನ್ನಟ್ಟುವವರ ಕಣ್ಣಲ್ಲಿ ನೀರು ಬರುತ್ತಿತ್ತು. ಕುಳಿತವರ ನಡುವೆ ಹಾವಿನಂತೆ ಹಾಯುತ್ತಿದ್ದಳು. ಉಳಿದವರು ಒಂದು ನಿಮಿಷಕ್ಕೆ ಔಟಾದರೆ ಇವಳು ಮೂರು ನಾಲ್ಕು ನಿಮಿಷ ಸಿಗುತ್ತಿರಲಿಲ್ಲ. ಇಂಥವಳು ನನಗೆ ಮತ್ತೆ ಸಿಗಲಾರಳು ಎಂದು ನಮ್ಮ ಮನೆಯವರು ಒಂದೇ ಸಲ ಅಂದಿದ್ದರು, ಅವರಿಗೆ ಹೊಗಳಿ ರೂಢಿಯಿಲ್ಲ.

ಅಜ್ಜ ಆಟಕ್ಕೆ ಬಿಡುವವನಲ್ಲ. ಅವನ ಮನೆಗೆ ನಾನೇ ಹೋಗಿ 'ಸಂಜೀಕ ನಮ್ಮ ಮನಿಗಿ ಕಳಸ್ರಿ ಯಜಮಾನರ, ಹೊಲಿಗಿ ಮಿಶಿನ್ನ ಕಲಸ್ತೀನಿ' ಅಂದೆ. ಮನೆಯಲ್ಲಿ ಮಿಶಿನ್ನು ಇದ್ದದ್ದು ನಿಜ. ಹುಡುಗಿ ಬಂದು ಹತ್ತು ನಿಮಿಷ ಅದರ ಮುಂದೆ ಕೂಡುತ್ತಿದ್ದದ್ದೂ ನಿಜ. ಆಮೇಲೆ ಹಿತ್ತಲಿನ ಬಾಗಿಲಿನಿಂದ ಮೈದಾನಕ್ಕೆ ಓಡುತ್ತಿದ್ದಳು. ನಮ್ಮ ಮನೆಯವರಿಗೆ ಈ ವ್ಯವಹಾರ ಗೊತ್ತಿತ್ತು. ಬೇಡ ಅನ್ನಲಿಲ್ಲ, ಮಾಡು ಅಂತಲೂ ಅನ್ನಲಿಲ್ಲ.

1988ರಲ್ಲಿ ನಮ್ಮ ಹುಡುಗಿಯರು ತಾಲೂಕು ಗೆದ್ದರು. ಬಿಜಾಪುರದಲ್ಲಿ ಜಿಲ್ಲೆಯ ಪಂದ್ಯ; ಅಲ್ಲಿ ಗೆದ್ದರೆ ಬೆಳಗಾವಿ ವಿಭಾಗ. ನಡುವೆ ಇಪ್ಪತ್ತು ದಿನ ಇತ್ತು. ಒಂದು ಸಂಜೆ ಮಳೆ ಹತ್ತಿ ಆಟ ನಿಂತಿತು. ಹುಡುಗಿ ನನ್ನ ಒಲೆಯ ಮುಂದೆ ಕುಳಿತು ರೊಟ್ಟಿ ಮಗುಚುತ್ತಿದ್ದಳು. ಅವ್ವನ ಮಾತು, ಬಡತನದ ಮಾತು ಬಂತು. 'ಎಪ್ಪತ್ತೆರಡರ ಬರದಾಗ ನಮ್ಮವ್ವ ರಸ್ತಾದ ಮ್ಯಾಲ ಕಲ್ಲ ಒಡಿಯೂ ಮುಂದ ನಾ ಆಕೀ ಸೆರಗ ಹಿಡದು ನಡೀತಿದ್ನಂತ್ರಿ ಅಕ್ಕಾರ' ಅಂದಳು. ಆ ಬರವನ್ನು ನಾನೂ ಕಂಡವಳು. ಕಲ್ಲು ಒಡೆಯುವ ತಾಯಿ, ಸೆರಗು ಹಿಡಿದ ಕೂಸು, ಚಿತ್ರ ಕಣ್ಣಿಗೆ ಕಟ್ಟಿತು. ರಾತ್ರಿ ಊಟಕ್ಕೆ ಬಡಿಸುವಾಗ ಮನೆಯವರಿಗೆ ಹೇಳಿದೆ. ಮರುಕದಿಂದ ಹೇಳಿದೆ, ಬೇರೆ ಏನೂ ಮನಸ್ಸಿನಲ್ಲಿರಲಿಲ್ಲ.

ಅವರ ಕೈ ತಾಟಿನಲ್ಲೇ ನಿಂತಿತು. ದಾಖಲೆಯಲ್ಲಿ ಅವಳು ಹುಟ್ಟಿದ್ದು 1973ರ ಜೂನ್ ಒಂದು. ಬರದಲ್ಲಿ ನಡೆಯುವ ಕೂಸಾಗಿದ್ದರೆ ಹುಟ್ಟಿದ್ದು 1971ರಲ್ಲಿ ಇಲ್ಲವೇ ಅದಕ್ಕೂ ಮೊದಲು. ಆ ಲೆಕ್ಕದಲ್ಲಿ ಪಂದ್ಯದ ವಯಸ್ಸಿನ ಮಿತಿ ದಾಟಿ ಕೆಲವು ತಿಂಗಳಾಗಿದ್ದವು.

ಮರುದಿನ ಅವರು ತಾಯಿಯ ಹತ್ತಿರ ಹೋಗಿ ಕೇಳಿ ಬಂದರು. 'ಹೌದ್ರಿ, ನಡೀತಿತ್ತು' ಅಂದಳಂತೆ. ಹನ್ನೆರಡರ ಯಾದಿಯಿಂದ ಹುಡುಗಿಯ ಹೆಸರು ತೆಗೆದರು.

ಆ ರಾತ್ರಿ ನಮ್ಮಿಬ್ಬರ ನಡುವೆ ನಡೆದ ಜಗಳವನ್ನು ಇದ್ದದ್ದು ಇದ್ದಂತೆ ಬರೆಯುತ್ತೇನೆ. ಮೂವತ್ತೇಳು ವರ್ಷದ ನೌಕರಿಯ ಮೇಲಿನ ನನ್ನ ತಕರಾರೆಲ್ಲ ಅದರಲ್ಲೇ ಇದೆ.

'ಹನ್ನೆರಡೂ ಹುಡುಗ್ಯಾರದು ಜೂನ್ ಒಂದ ಅದ. ನನ್ನದೂ ಜೂನ್ ಒಂದ ಅದ. ಈಕೀದಷ್ಟ ಯಾಕ ಸುಳ್ಳಾತು?' ಅಂದೆ.

'ಉಳದವರದು ನನಗ ಗೊತ್ತಿಲ್ಲ. ಈಕೀದು ಗೊತ್ತಾಗೇದ.'

'ಗೊತ್ತಾಗಿದ್ದು ನಾ ಹೇಳಿದ್ದಕ್ಕ. ನಾ ಹೇಳೇ ಇಲ್ಲ ಅಂತ ತಿಳೀರಿ.'

'ಹೇಳಿದ್ದನ್ನ ಕೇಳಿಲ್ಲ ಅಂತ ಹ್ಯಾಂಗ ತಿಳೀಲಿ?'

'ಕಾಗದದಾಗ ಸರಿ ಅದ. ಸರಕಾರ ಒಪ್ಪತದ. ನಿಮಗೇನು?'

'ಎದುರಿಗಿ ಆಡೂ ಹುಡುಗ್ಯಾರೂ ಯಾರದೋ ಮನಿ ಮಕ್ಕಳ. ಅವರ ಮಾಸ್ತರ ಹಿಂಗ ಮಾಡಿದ್ರ ನಾ ಏನಂತಿದ್ದೆ?'

'ಅಜ್ಜಗ ನಾ ಹೊಲಿಗಿ ಸುಳ್ಳ ಹೇಳಿದಾಗ ಸುಮ್ಮ ಇದ್ರಿ. ಆಗ ಎಲ್ಲಿ ಹೋಗಿತ್ತು ಈ ಸತ್ಯ?'

ಅವರು ಬಹಳ ಹೊತ್ತು ಸುಮ್ಮನಿದ್ದು, 'ಅದು ಮನಿ ಮಾತು. ಮೈದಾನದಾಗ ಸುಣ್ಣದ ಗೆರಿ ಇರತದ' ಅಂದರು.

ಸಿಟ್ಟಿನಲ್ಲಿ ನಾನು ಆಡಬಾರದ ಮಾತು ಆಡಿದೆ. 'ನಿಮಗೂ ದ್ರೋಣಾಚಾರ್ಯ ಪ್ರಶಸ್ತಿ ಕೊಡಬೇಕು, ಹೆಬ್ಬೆರಳ ಕೊಯ್ಯೂದು ಛಲೋ ಕಲ್ತೀರಿ' ಅಂದೆ.

ಅವರ ಮಾತಿನಲ್ಲಿ ತಪ್ಪು ಹುಡುಕಲು ನನಗೆ ಇಂದಿಗೂ ಆಗಿಲ್ಲ. ಎದುರು ತಂಡದ ಸಣ್ಣ ಹುಡುಗಿಯರ ಮಾತು ನನಗೆ ಹೊಳೆದೇ ಇರಲಿಲ್ಲ. ನಾವು ತಾಯಂದಿರು ನ್ಯಾಯ ಅನ್ನುವುದು ಬಹಳ ಸಲ ನಮ್ಮ ಒಲೆಯ ಬೆಳಕು ಬೀಳುವಷ್ಟು ದೂರದ್ದೇ. ಆದರೂ ಮನಸ್ಸು ಒಪ್ಪಲಿಲ್ಲ. ಅವರ ಸತ್ಯಕ್ಕೆ ಅವರು ಕೊಟ್ಟದ್ದೇನು? ಒಂದು ಢಾಲು. ಆ ಹುಡುಗಿ ಕೊಟ್ಟದ್ದು ಬೇರೆ. ಒಬ್ಬರ ಸತ್ಯಕ್ಕೆ ಇನ್ನೊಬ್ಬರು ಬೆಲೆ ಕೊಡುವುದಾದರೆ ಅದನ್ನು ಸದ್ಗುಣ ಅನ್ನಬಹುದೇ? ಹನ್ನೊಂದು ಜನರದು ಕೇಳದೆ ಒಬ್ಬಳದನ್ನು ಕೇಳಿ ಶಿಕ್ಷೆ ಕೊಟ್ಟರೆ, ಅದು ಸುಳ್ಳಿಗೆ ಕೊಟ್ಟ ಶಿಕ್ಷೆಯೋ, ಒಲೆಯ ಮುಂದೆ ಮನಸ್ಸು ಬಿಚ್ಚಿ ಮಾತಾಡಿದ್ದಕ್ಕೆ ಕೊಟ್ಟ ಶಿಕ್ಷೆಯೋ? ಬಾಯಿ ಮುಚ್ಚಿಕೊಂಡಿದ್ದ ಹುಡುಗಿಯರೆಲ್ಲ ಆಡಿದರು.

ಹುಡುಗಿಗೆ ಅವರೇ ಹೇಳಿದರು. 'ಆತ್ರಿ ಸರ' ಅಂದಳಂತೆ. ಅತ್ತಿದ್ದರೆ ನನಗೆ ಹಗುರಾಗುತ್ತಿತ್ತು. ಬಿಜಾಪುರಕ್ಕೆ ಸಂಗಡ ಬಂದಳು. ಗೆರೆಯ ಹೊರಗೆ ನನ್ನ ಪಕ್ಕದಲ್ಲಿ ಕುಳಿತು ಲಿಂಬೆ ಕೊಯ್ದಳು, ನೀರು ಕೊಟ್ಟಳು. ಅಂತಿಮ ಪಂದ್ಯವನ್ನು ನಮ್ಮವರು ಒಂದು ಅಂಕದಿಂದ ಸೋತರು. ಎದುರು ತಂಡದಲ್ಲಿ ಒಬ್ಬ ಎತ್ತರದ ಹುಡುಗಿ ಇದ್ದಳು. ಅವಳ ವಯಸ್ಸು ಎಷ್ಟಿರಬಹುದೆಂದು ನಾನು ಲೆಕ್ಕ ಹಾಕುತ್ತಿದ್ದೆ. ನಮ್ಮ ಮನೆಯವರು ಆ ಕಡೆ ನೋಡಲಿಲ್ಲ.

ಮರುವರ್ಷ ಮಾರ್ಚ್‌ನಲ್ಲಿ ಎಸ್.ಎಸ್.ಎಲ್.ಸಿ.; ಮೇ ತಿಂಗಳಲ್ಲಿ ಅವಳ ಮದುವೆ, ಸಿಂದಗಿಯ ಕಡೆ ಕೊಟ್ಟರು. ವಿಭಾಗ, ರಾಜ್ಯ ಎಂದು ಮುಂದೆ ಹೋಗಿದ್ದರೆ ಅಜ್ಜ ಎರಡು ವರ್ಷ ತಡೆಯುತ್ತಿದ್ದನೇ, ಕ್ರೀಡಾ ಹಾಸ್ಟೆಲಿನಲ್ಲಿ ಜಾಗ ಸಿಗುತ್ತಿತ್ತೇ, ಕಾಲೇಜು ಕಾಣುತ್ತಿದ್ದಳೇ, ಯಾರು ಹೇಳಬೇಕು? ಏನೂ ಆಗದೆ ಅದೇ ಮೇ ತಿಂಗಳಲ್ಲಿ ಅದೇ ಮದುವೆ ಆಗುತ್ತಿತ್ತೋ ಏನೋ. ನಾನು ಬುತ್ತಿ ಕಟ್ಟಿಕೊಂಡು ಹೋದ ಹುಡುಗಿಯರಲ್ಲಿ ಹತ್ತರಲ್ಲಿ ಎಂಟು ಜನಕ್ಕೆ ಹಾಗೆಯೇ ಆಗಿದೆ.

1996ರಲ್ಲಿ ಬಸವನ ಬಾಗೇವಾಡಿ ತಾಲೂಕಿಗೆ ವರ್ಗವಾಯಿತು. ಆಲಮಟ್ಟಿಯ ಹಿನ್ನೀರಿಗೆ ಊರುಗಳು ಮೇಲೆ ಏಳುತ್ತಿದ್ದ ಕಾಲ. ಒಂದು ವರ್ಷ ಕಟ್ಟಿದ ತಂಡ ಮರುವರ್ಷ ಇರುತ್ತಿರಲಿಲ್ಲ. ಒಬ್ಬಳು ಪುನರ್ವಸತಿ ಊರಿಗೆ, ಇನ್ನೊಬ್ಬಳು ಸೋದರಮಾವನ ಊರಿಗೆ. ಇವರು ಮತ್ತೆ ಗರಸು, ಮತ್ತೆ ಸುಣ್ಣ. ಬಸವಣ್ಣನವರು ಹುಟ್ಟಿದ ಊರಿನ ಆಸುಪಾಸಿನಲ್ಲಿ ಹದಿನೈದು ವರ್ಷ ಇದ್ದೆವು. ಸತ್ಯದ ಮೇಲೆ ಭಾಷಣ ಕೇಳುವುದಕ್ಕೆ ಕೊರತೆ ಇರಲಿಲ್ಲ. ನನ್ನ ಪ್ರಶ್ನೆಗೆ ಮಾತ್ರ ಯಾವ ಭಾಷಣದಲ್ಲೂ ಉತ್ತರ ಸಿಗಲಿಲ್ಲ, ನಾವಿಬ್ಬರೂ ಆ ಮಾತನ್ನು ಮತ್ತೆ ತೆಗೆಯಲೂ ಇಲ್ಲ.

ಮಾತು ಮತ್ತೆ ಬಂದದ್ದು 2018ರ ಡಿಸೆಂಬರಿನಲ್ಲಿ, ಅಮೆರಿಕದಿಂದ. ನನ್ನ ತಂಗಿಯ ಮಗ ಮಿನೆಸೋಟಾ ರಾಜ್ಯದಲ್ಲಿದ್ದಾನೆ. ರಜೆಗೆ ಬಂದವನು ದೊಡ್ಡಪ್ಪನನ್ನು ಖುಷಿಪಡಿಸಲು ಅಲ್ಲಿಯ ಒಬ್ಬ ಮಾಸ್ತರರ ಕಥೆ ಹೇಳಿದ. ಜಾನ್ ಗಗ್ಲಿಯಾರ್ಡಿ ಎಂದು ಹೆಸರು. ಆ ವರ್ಷ ಅಕ್ಟೋಬರಿನಲ್ಲಷ್ಟೇ 91ನೆಯ ವಯಸ್ಸಿನಲ್ಲಿ ತೀರಿಕೊಂಡಿದ್ದರು. ಅಮೆರಿಕದ ಫುಟ್‌ಬಾಲ್ ನಮ್ಮ ಫುಟ್‌ಬಾಲಿನಂತಲ್ಲ. ಮೊಟ್ಟೆಯಾಕಾರದ ಚೆಂಡನ್ನು ಬಗಲಲ್ಲಿ ಒತ್ತಿ ಹಿಡಿದು ಓಡುವುದು, ಎದುರಿನವರು ಮೈಮೇಲೆ ಬಿದ್ದು ಕೆಡವುವುದು. ಕಬಡ್ಡಿಗೂ ಗೂಳಿ ಕಾಳಗಕ್ಕೂ ಹುಟ್ಟಿದ ಕೂಸಿನಂತೆ ನನಗೆ ಕಂಡಿತು. ಅಲ್ಲಿ ದೊಡ್ಡ ದೊಡ್ಡ ವಿಶ್ವವಿದ್ಯಾಲಯಗಳ ತರಬೇತುದಾರರಿಗೆ ಕೋಟಿಗಟ್ಟಲೆ ಸಂಬಳ. ಈ ಮನುಷ್ಯ ಅಲ್ಲಿಗೆ ಹೋಗಲಿಲ್ಲ. ಎರಡನೆಯ ಮಹಾಯುದ್ಧದಲ್ಲಿ ತನ್ನ ಶಾಲೆಯ ಮಾಸ್ತರು ಸೈನ್ಯಕ್ಕೆ ಹೋದಾಗ ಹದಿನಾರನೆಯ ವಯಸ್ಸಿಗೇ ತಂಡ ನಡೆಸಲು ನಿಂತವರು. 1953ರಿಂದ 2012ರವರೆಗೆ 60 ಹಂಗಾಮು ಸೇಂಟ್ ಜಾನ್ಸ್ ಎಂಬ ಒಂದೇ ಸಣ್ಣ ಕಾಲೇಜಿನಲ್ಲಿ ಕಲಿಸಿದರು. ಒಟ್ಟು 489 ಪಂದ್ಯ ಗೆದ್ದರು. ಅಲ್ಲಿಯ ಕಾಲೇಜು ಫುಟ್‌ಬಾಲಿನಲ್ಲಿ ಅಷ್ಟು ಗೆದ್ದ ತರಬೇತುದಾರ ಇನ್ನೊಬ್ಬರಿಲ್ಲ.

'ಒಂದ ಊರಾಗ ಅರವತ್ತ ವರ್ಷ? ಅವರಿಗೆ ವರ್ಗಾವಣಿ ಇರಲಿಲ್ಲೇನು?' ಎಂದು ನಮ್ಮ ಮನೆಯವರು ಕೇಳಿದರು. ನಾವೆಲ್ಲ ನಕ್ಕೆವು.

ಹುಡುಗ ಮುಂದುವರಿಸಿದ. ಆ ಮಾಸ್ತರರು ಸೀಟಿ ಊದುತ್ತಿರಲಿಲ್ಲವಂತೆ. ಅಭ್ಯಾಸದಲ್ಲಿ ಒಬ್ಬರನ್ನೊಬ್ಬರು ಕೆಡವಬಾರದೆಂದು ಹೇಳುತ್ತಿದ್ದರಂತೆ, ಪೆಟ್ಟಾಗಬಾರದೆಂದು. ಗುರುಗಳೇ ಎಂದು ಕರೆಯಬೇಡಿ, ಜಾನ್ ಎನ್ನಿ ಅನ್ನುತ್ತಿದ್ದರಂತೆ. ಸೀಟಿ ಇಲ್ಲದ ಮಾಸ್ತರನೇ ಎಂದು ಮತ್ತೆ ನಗು. ಕೊನೆಗೆ ಹುಡುಗ ಹೇಳಿದ: 'ಆಡಲು ಬಂದ ಯಾರನ್ನೂ ಅವರು ತಂಡದಿಂದ ತೆಗೆಯುತ್ತಿರಲಿಲ್ಲ ದೊಡ್ಡಪ್ಪ. ನೂರಕ್ಕಿಂತ ಹೆಚ್ಚು ಹುಡುಗರು ಇರುತ್ತಿದ್ದರು, ಎಲ್ಲರಿಗೂ ಅಂಗಿ ಕೊಡುತ್ತಿದ್ದರು.'

ನಮ್ಮ ಮನೆಯವರು ನಗಲಿಲ್ಲ. ಸ್ವಲ್ಪ ಹೊತ್ತಿನ ಮೇಲೆ, 'ಒಬ್ಬರನ್ನೂ ತಗದಿಲ್ಲಾ?' ಎಂದು ಕೇಳಿದರು. ಇಲ್ಲ ಅಂದ ಹುಡುಗ. ಅವರು ಎದ್ದು ಹಿತ್ತಲಿಗೆ ಹೋಗಿ ತೋಯದ ಗಿಡಗಳಿಗೂ ತೋಯ್ದ ಗಿಡಗಳಿಗೂ ನೀರು ಹಾಕುತ್ತ ನಿಂತರು. ಮೂವತ್ತು ವರ್ಷದ ಮೇಲೆ ನನಗೆ ಆಗ ತಿಳಿಯಿತು, ಮರೆತವಳು ನಾನಲ್ಲ ಎಂದು ಹೆಮ್ಮೆ ಪಡುತ್ತಿದ್ದೆನಲ್ಲ, ಅವರೂ ಮರೆತಿರಲಿಲ್ಲ.

ಆ ಸಂಜೆಯೇ ಹೇಳಬಹುದಿತ್ತು. ಹೇಳಲಿಲ್ಲ. ಏನು ಹೇಳಲಿಲ್ಲ ಎಂದು ನಿಮಗೆ ಹೇಳಲು 2004ಕ್ಕೆ ಹೋಗಬೇಕು.

2004ರ ಶ್ರಾವಣ. ಬಸವನ ಬಾಗೇವಾಡಿಯ ಜಾತ್ರೆ. ಮನೆಯವರು ಕುಸ್ತಿಯ ಕಣದ ಕಡೆ ಹೋಗಿದ್ದರು. ನಾನು ಬಳೆಯಂಗಡಿಯ ಮುಂದೆ ನಿಂತಾಗ ಹಿಂದಿನಿಂದ 'ಅಕ್ಕಾರ' ಅಂದಿತು ಒಂದು ದನಿ. ತಿರುಗಿದೆ. ತುಂಬಿದ ಮೈ, ಹಣೆ ತುಂಬ ಕುಂಕುಮ, ಪಕ್ಕದಲ್ಲಿ ಹನ್ನೆರಡರ ಒಬ್ಬ ಮಗಳು. ಕಾಲು ನೋಡಿ ಗುರುತು ಹಿಡಿದೆ, ನಿಂತಲ್ಲೇ ನಿಲ್ಲದ ಕಾಲು.

ಗುಡಿಯ ಕಟ್ಟೆಯ ಮೇಲೆ ಕುಳಿತು ಮಾತಾಡಿದೆವು. ಗಂಡನಿಗೆ ಎರಡೆಕರೆ ಹೊಲ. ಇವಳು ಮನೆಯಲ್ಲಿ ಮಿಶಿನ್ನು ಇಟ್ಟುಕೊಂಡು ಕುಪ್ಪಸ ಹೊಲಿಯುತ್ತಾಳಂತೆ. 'ನಿಮ್ಮ ಸುಳ್ಳ ಖರೆ ಆತ ನೋಡ್ರಿ ಅಕ್ಕಾರ' ಎಂದು ನಕ್ಕಳು. ಮಗಳ ತಲೆ ಸವರಿ, 'ಈಕೀದು ಹುಟ್ಟಿದ ದಿನಾನ ಬರಸೀನ್ರಿ, ದವಾಖಾನಿ ಚೀಟಿ ಇಟ್ಟೀನಿ. ಮಾರ್ಚ್ ಹದಿನೇಳು' ಅಂದಳು. ನನಗೆ ಎದೆಗೆ ಏನೋ ಚುಚ್ಚಿದಂತಾಯಿತು. ಆಡುತ್ತಾಳೆಯೇ ಎಂದು ಕೇಳಿದೆ. 'ಓಡತಾಳ್ರಿ. ಆದ್ರ ಅವರ ಸಾಲ್ಯಾಗ ಪಿ.ಟಿ. ಮಾಸ್ತರ ಇಲ್ಲ.'

ಧೈರ್ಯ ಮಾಡಿ ಕೇಳಿಯೇಬಿಟ್ಟೆ: ಆ ವರ್ಷ ನಿನ್ನನ್ನು ಬಿಟ್ಟದ್ದಕ್ಕೆ ಸರ್ ಮೇಲೆ ಸಿಟ್ಟಿದೆಯೇ?

'ಸಿಟ್ಟ ಯಾಕ್ರಿ' ಅಂದಳು. ಸ್ವಲ್ಪ ತಡೆದು ಅಂದಳು: 'ಆದ್ರ ಅದು ನನ್ನ ಸುದ್ದೀನ ಅಲ್ಲಂತ್ರಿ ಅಕ್ಕಾರ. ನನಗಿಂತ ಮೊದಲ ಒಂದ ಹೆಣ್ಣ ಕೂಸ ಇತ್ತಂತ, ಸಣ್ಣಂದಿರತ್ಲೇ ಹೋತು. ಸೆರಗ ಹಿಡದು ನಡದಾಕಿ ಆಕಿ. ಅವ್ವಗ ಯಾವುದು ಯಾರದಂತ ಈಗೂ ನೆನಪ ಇರೂದಿಲ್ಲ. ಒಮ್ಮೆ ಹಂಗಂತಾಳ, ಒಮ್ಮೆ ಹಿಂಗಂತಾಳ. ನನ್ನ ಲಗ್ನ ಆದಮ್ಯಾಲ ನಮ್ಮ ಸೋದರತ್ತಿ ಹೇಳಿದ್ಲು.'

ಹಾಗಾದರೆ ಮಾಸ್ತರರು ಬರೆದ ಜೂನ್ ಒಂದು ಸುಳ್ಳಾದರೂ, ವರ್ಷ ಖರೆ ಇದ್ದಿರಬಹುದು. ಸುಳ್ಳು ಎಂದು ನಾವು ತಿಳಿದದ್ದೇ ಖರೆಗೆ ಹತ್ತಿರವಿತ್ತು. ಖರೆ ಎಂದು ಎತ್ತಿ ಹಿಡಿದದ್ದು ಸತ್ತ ಕೂಸಿನ ನೆನಪು. ಸತ್ತ ಮಗಳು, ಇದ್ದ ಮಗಳು, ಇಬ್ಬರೂ ಒಂದೇ ಸೆರಗು ಹಿಡಿದು ತಾಯಿಯ ತಲೆಯಲ್ಲಿ ನಡೆಯುತ್ತಿದ್ದರು. ಅದನ್ನು ಪುರಾವೆ ಎಂದು ತೆಗೆದುಕೊಂಡವರು ನಾವು.

'ಸರ್ ಅಲ್ಲೇ ಕುಸ್ತಿ ಕಣದಾಗ ಇದ್ದಾರ, ಭೆಟ್ಟಿ ಆಗು' ಅಂದೆ. 'ಬ್ಯಾಡ್ರಿ, ಬಸ್ಸಿಗಿ ಹೊತ್ತಾತು' ಎಂದು ಎದ್ದಳು. ನನ್ನ ಕಾಲು ಮುಟ್ಟಿದಳು. ಮಗಳ ಕೈಹಿಡಿದು ಜನರ ನಡುವೆ ಹಾಯ್ದು ಹೋದ ರೀತಿ ಮಾತ್ರ ಹಳೆಯದೇ, ಒಬ್ಬರ ಮೈಯೂ ತಾಕಲಿಲ್ಲ.

ಇದನ್ನು ನಾನು ಮನೆಯವರಿಗೆ ಹೇಳಲಿಲ್ಲ. ಒಮ್ಮೆ ಕೇಳಿದ್ದನ್ನು ಹೇಳಿ ಒಂದು ಹುಡುಗಿಯ ಆಟ ನಿಲ್ಲಿಸಿದ್ದೆ. ಈಗ ಕೇಳಿದ್ದನ್ನು ಹೇಳಿ ಇವರ ಮೂವತ್ತೇಳು ವರ್ಷದಲ್ಲಿ ಇವರು ಗಟ್ಟಿಯಾಗಿ ನಿಂತ ಒಂದು ಜಾಗವನ್ನೂ ಕಿತ್ತುಕೊಳ್ಳಲೇ ಅನಿಸಿತು. ಕರುಣೆಯಿಂದ ಸುಮ್ಮನಿದ್ದೆ ಎಂದು ನನಗೆ ನಾನೇ ಹೇಳಿಕೊಂಡಿದ್ದೇನೆ. ಆದರೆ ಅಂದು ಹೇಳಿದವಳು ನಾನೇ ತಾನೆ? ನನ್ನನ್ನು ಉಳಿಸಿಕೊಳ್ಳಲು ಸುಮ್ಮನಿದ್ದೆನೋ ಏನೋ. ಗಂಡನಿಗೆ ತಿಳಿಯಬೇಕಾದ ಸತ್ಯವನ್ನು ಅವನ ನೆಮ್ಮದಿಗಾಗಿ ಬಚ್ಚಿಡುವ ಹಕ್ಕು ಹೆಂಡತಿಗೆ ಇದೆಯೇ? ನಮ್ಮ ತಾಯಂದಿರು ಇದೆ ಎಂದೇ ನಡೆದುಕೊಂಡು ಬಂದರು. ಸಾಲ, ಜ್ವರ, ಮಗಳ ಕಣ್ಣೀರು, ಎಲ್ಲ ಬಚ್ಚಿಟ್ಟರು. ಗಂಡಸರನ್ನು ನಾವು ಕೂಸುಗಳಂತೆ ಸಾಕಿ, ಆಮೇಲೆ ಅವರು ಕೂಸುಗಳಂತೆ ಇದ್ದಾರೆಂದು ದೂರುತ್ತೇವೆ.

2025ರ ಜನವರಿಯಲ್ಲಿ ದೆಹಲಿಯಲ್ಲಿ ಖೋ-ಖೋದ ಮೊದಲ ವಿಶ್ವಕಪ್ ನಡೆಯಿತು. ಅಂತಿಮ ಪಂದ್ಯದಲ್ಲಿ ನಮ್ಮ ಹೆಣ್ಣುಮಕ್ಕಳು ನೇಪಾಳವನ್ನು 78-40ರಿಂದ ಸೋಲಿಸಿದರು. ತಂಡದಲ್ಲಿ ಮೈಸೂರು ಜಿಲ್ಲೆಯ ಕುರುಬೂರಿನ ಬಿ. ಚೈತ್ರಾ ಇದ್ದಳು. ಹಳ್ಳಿಯ ಹುಡುಗಿ. ಈಗ ಚಾಪೆ ಹಾಸಿ ಆಡುತ್ತಾರೆ, ಮಣ್ಣಿಲ್ಲ, ಸುಣ್ಣವಿಲ್ಲ. ಮನೆಯವರು ಟಿ.ವಿ.ಯ ಹತ್ತಿರಕ್ಕೆ ಕುರ್ಚಿ ಎಳೆದುಕೊಂಡು ನೋಡಿದರು. ಎಲ್ಲರೂ ಕುಣಿಯುತ್ತಿದ್ದಾಗ ಅವರ ಬೆರಳು ಪರದೆಯ ಅಂಚಿನ ಕಡೆ ಹೋಯಿತು. 'ಹೊರಗ ಕೂತ ಹುಡುಗ್ಯಾರನ್ನ ತೋರಸವಲ್ರು' ಅಂದರು.

ಆವತ್ತೇ ಇದನ್ನು ಬರೆಯಲು ಕುಳಿತೆ.

ಅವರಿಗೆ ಈಗ ಎಪ್ಪತ್ತು ದಾಟಿದೆ. ನಾನು ಬರೆದದ್ದನ್ನು ಅಚ್ಚಿಗೆ ಹೋಗುವ ಮುಂಚೆ ಅವರು ಓದುವ ರೂಢಿ ಇದೆ. ವ್ಯಾಕರಣ ನೋಡುವುದಿಲ್ಲ, ಲೆಕ್ಕ ನೋಡುತ್ತಾರೆ. ಇಂದು ಬೆಳಿಗ್ಗೆ ಕಾಗದಗಳನ್ನು ಅವರ ಮೇಜಿನ ಮೇಲೆ ಇಟ್ಟೆ. 'ಏನ ಬರದೀ?' ಅಂದರು. 'ನಿಮ್ಮದ' ಅಂದೆ. 'ಖೋ-ಖೋದ ನಿಯಮ ಸರಿ ಬರದೀಯೋ ಇಲ್ಲೋ' ಎಂದು ಕೆಂಪು ಪೆನ್ನು ತೆಗೆದುಕೊಂಡಿದ್ದಾರೆ. ಒಲೆಯ ಮುಂದಿನಿಂದ ನೋಡುತ್ತಿದ್ದೇನೆ. ಎರಡು ಕಂಬಗಳ ಮಾತು ನಾನು ಬಿಟ್ಟಿದ್ದೇನಂತೆ, ಅಂಚಿನಲ್ಲಿ ಬರೆಯುತ್ತಿದ್ದಾರೆ. ಇನ್ನೂ ಜಾತ್ರೆಯ ಪುಟಕ್ಕೆ ಬಂದಿಲ್ಲ.